ಮಧ್ಯಾಹ್ನ ಬದಲಾದ ಅಂಗಿ

ಬೆಳಗಿನ ಆಟದಲ್ಲಿ ಲಾನಿ ವ್ರಾಬೆಲ್ ಎಮೋರಿ ಸ್ಟ್ರೌಡನ ಮೊಣಕಾಲಿನ ಕೆಳಗೆ ಮುಳ್ಳಿನ ಬೂಟು ಇಳಿಸಿ ಮಾಂಸ ಸೀಳಿದ್ದ. ಮಧ್ಯಾಹ್ನ ಅದೇ ಸ್ಟ್ರೌಡನ ತಂಡದ ಅಂಗಿ ತೊಟ್ಟು ಅವನ ಬೆಂಚಿನ ಮೇಲೆಯೇ ಕುಳಿತಿದ್ದ. ಬೇಸ್‌ಬಾಲ್ ಆಡಿ ಹೊಟ್ಟೆ ಹೊರೆಯುವವರ ಬಾಳಿನಲ್ಲಿ ನಿನ್ನೆಯ ವೈರಿ ನಾಳೆಯ ಜೊತೆಗಾರನಾಗುವುದೇನೂ ಹೊಸದಲ್ಲ. ಆದರೆ ಎರಡು ಆಟಗಳ ನಡುವೆ, ಒಂದು ಹಾಟ್‌ಡಾಗ್ ತಿಂದು ಮುಖ ತೊಳೆಯುವಷ್ಟು ಹೊತ್ತಿನಲ್ಲಿ ಹಾಗಾದರೆ ಯಾರು ತಾನೇ ಜಾಗ ಬಿಡುತ್ತಾರೆ? ಲಾನಿಯ ಎರಡೂ ಪಕ್ಕದಲ್ಲಿ ಹಲಗೆ ಖಾಲಿ ಬಿದ್ದಿತ್ತು.

ಸ್ಟ್ರೌಡ್ ಆಚೆ ತುದಿಯಲ್ಲಿ ಕಾಲು ಚಾಚಿ ಕುಳಿತಿದ್ದ. ಹೊಲಿಗೆ ಹಾಕಿದ ಜಾಗದಿಂದ ರಕ್ತ ಒಸರಿ ಬಿಳಿ ಪಟ್ಟಿ ಕೆಂಪಾಗಿತ್ತು. ಡ್ರೋವರ್ಸ್ ತಂಡದಲ್ಲಿ ಎರಡನೇ ಬೇಸ್ ಕಾಯುವವನು ಅವನು, ಬಾಯಿ ಜೋರು.

"ಅಜ್ಜ, ಬೂಟು ತೊಳ್ಕೊಂಡ್ಯಾ?" ಎಂದ ಸ್ಟ್ರೌಡ್. "ನನ್ನ ಮಾಂಸ ಅಂಟ್ಕೊಂಡಿದ್ರೆ ವಾಪಸ್ ಕೊಡು. ಮನೇಲಿ ನಾಯಿ ಇದೆ, ಅದಕ್ಕಾದ್ರೂ ಆಗತ್ತೆ."

"ತೊಳ್ದೆ."

"ಪರವಾಗಿಲ್ಲ, ಶುದ್ಧ ಮನುಷ್ಯ. ಬಸ್ಸಲ್ಲಿ ನಿದ್ದೆ ಮಾಡೋವಾಗ ಒಂದು ಕಣ್ಣು ಬಿಟ್ಕೊಂಡೇ ಮಾಡು, ಆಯ್ತಾ?"

ಬೆಂಚು ಪೂರ್ತಿ ನಕ್ಕಿತು. ಲಾನಿ ನಗಲಿಲ್ಲ, ಸಿಟ್ಟಾಗಲೂ ಇಲ್ಲ. ಅವನ ಜಾಗದಲ್ಲಿ ಸ್ಟ್ರೌಡ್ ಇದ್ದಿದ್ದರೂ ಹಾಗೆಯೇ ಬೂಟು ಇಳಿಸುತ್ತಿದ್ದ. ಬೆಳಿಗ್ಗೆ ಲಾನಿ ಬೆಲ್‌ಹೇವನ್ ಊರಿನ ಮಿಲ್ಲರ್ಸ್ ತಂಡದವನಾಗಿದ್ದ. ಡ್ರೋವರ್ಸ್‌ನ ಪಿಚರ್ ಎಸೆದ ಚೆಂಡು ಮಿಲ್ಲರ್ಸ್ ಹುಡುಗನೊಬ್ಬನ ದವಡೆಗೆ ಬಡಿದು, ಅವನು ಹಲ್ಲು ಉಗುಳುತ್ತ ಮಣ್ಣಿನಲ್ಲಿ ಹೊರಳಾಡಿದ. ಮಿಲ್ಲರ್ಸ್ ಮ್ಯಾನೇಜರ್ ಗಸ್ ಫೆರಿಸ್ ಬೆಂಚಿನ ಕಡೆ ತಿರುಗಿ ಲಾನಿಯ ಮುಖ ನೋಡಿದ. ಅಷ್ಟು ಸಾಕಿತ್ತು. ಲಾನಿ ಮುಂದಿನ ಸಲ ಸ್ಟ್ರೌಡ್ ಕಾಯುತ್ತಿದ್ದ ಎರಡನೇ ಬೇಸ್‌ಗೆ ಜಾರುವಾಗ ಕಾಲು ನೆಲದ ಮೇಲೆ ಇಡದೆ ಮೇಲಕ್ಕೆತ್ತಿದ. ಫೆರಿಸ್ ಅವನ ಬೆನ್ನು ತಟ್ಟಿದ. ಆಟ ಮುಗಿದ ಮೇಲೆ ಅದೇ ಫೆರಿಸ್, ತಲೆ ಎತ್ತದೆ, ಸ್ಯಾಂಡ್‌ವಿಚ್ ಜಗಿಯುತ್ತ, "ನಿನ್ನನ್ನ ಆ ಕಡೆಯವರಿಗೆ ಮಾರಿದಾರೆ. ಬ್ಯಾಗ್ ತಗೊಂಡು ಹೋಗು, ಹತ್ತಿರಾನೇ ಇದೆ" ಎಂದ. ನಾಲ್ಕು ವರ್ಷದ ಚಾಕರಿಗೆ ಸಿಕ್ಕ ಸನ್ಮಾನ ಅಷ್ಟೇ.

ಲಾನಿಗೆ ಮೂವತ್ತನಾಲ್ಕು ವಯಸ್ಸು. ಪೆನ್ಸಿಲ್ವೇನಿಯಾದ ಕಲ್ಲಿದ್ದಲು ಊರಿನಿಂದ ಹದಿನೇಳಕ್ಕೆ ಹೊರಬಿದ್ದವನು ಹತ್ತು ಊರಿನ ನೀರು ಕುಡಿದಿದ್ದ. ಅವನು ಆಡುವ ಜಾಗ ಎಡಗಡೆಯ ಔಟ್‌ಫೀಲ್ಡ್, ಅಂದರೆ ಎಲ್ಲರಿಗಿಂತ ದೂರ, ಬೇಲಿಯ ಹತ್ತಿರ. ಅಲ್ಲಿ ನಿಂತು ಚೆಂಡಿಗೆ ಕಾಯಬೇಕು, ಜೊತೆಗೆ ಬೇಲಿಗೆ ಒರಗಿದ ಕುಡುಕರ ಬೈಗುಳಕ್ಕೂ ಕಿವಿ ಕೊಡಬೇಕು. ಬೇಲಿಗೆ ಡಿಕ್ಕಿ ಹೊಡೆದು ಅವನ ಮೂಗು ಎರಡು ಸಲ ಮುರಿದಿತ್ತು. ಒಂದು ಕಿವಿ ಹೆಲ್ಮೆಟ್ಟಿನ ಮೇಲೆ ಬಿದ್ದ ಚೆಂಡಿನಿಂದ ಅರ್ಧ ಕೆಪ್ಪಾಗಿತ್ತು. ಇಷ್ಟೆಲ್ಲ ಆಗಿದ್ದು ಕೆಳಗಿನ ಲೀಗುಗಳಲ್ಲಿ. ಮೇಲಿನ ಲೀಗಿಗೆ ಅವನು ಹೋಗಿದ್ದು ಒಂದೇ ಸಲ, ಇಪ್ಪತ್ತೈದನೇ ವಯಸ್ಸಿನಲ್ಲಿ. ಕೆಲವು ಸಲ ಬ್ಯಾಟು ಕೊಟ್ಟರು. ಒಮ್ಮೆಯೂ ಚೆಂಡು ತಾಗಿಸಿ ಬೇಸ್ ಸೇರಲಿಲ್ಲ. ದೇಶದ ದಾಖಲೆಯಲ್ಲಿ ಅವನ ಹೆಸರಿನ ಮುಂದೆ ಒಂದು ಸೊನ್ನೆ ಕುಳಿತುಬಿಟ್ಟಿತ್ತು. ಆ ಸೊನ್ನೆಯನ್ನು ಅಳಿಸಬೇಕು, ಮೇಲೆ ಒಂದೇ ಒಂದು ಸಲ ಚೆಂಡನ್ನು ನೆಟ್ಟಗೆ ಬಾರಿಸಬೇಕು. ಅವನು ಮದುವೆ ಮುರಿದುಕೊಂಡಿದ್ದು, ಮುರಿದ ಮೂಗು ಹೊತ್ತುಕೊಂಡು ಬಸ್ಸಿನಲ್ಲಿ ಅಲೆಯುತ್ತಿದ್ದದ್ದು ಇದೊಂದಕ್ಕೇ. ಬೇರೆ ಯಾವುದಕ್ಕೂ ಅಲ್ಲ.

ಅದಕ್ಕೇ ಡ್ರೋವರ್ಸ್ ಮ್ಯಾನೇಜರ್ ಹಾಬ್ ಕಿಟ್ರಿಜ್ ಪಕ್ಕಕ್ಕೆ ಬಂದು ನಿಂತಾಗ ಲಾನಿ ಬೆನ್ನು ನೆಟ್ಟಗೆ ಮಾಡಿ ಕುಳಿತ. ಕಿಟ್ರಿಜ್ ಗೂಳಿಯ ಕತ್ತಿನ ಮನುಷ್ಯ. ಯಾವಾಗಲೂ ತಂಬಾಕು ಜಗಿಯುತ್ತಿದ್ದ.

"ಸೆಪ್ಟೆಂಬರಲ್ಲಿ ಮೇಲೆ ಜಾಗ ಖಾಲಿ ಆಗತ್ತೆ," ಎಂದ ಕಿಟ್ರಿಜ್. "ಕೊನೇ ಗಳಿಗೇಲಿ ಬ್ಯಾಟ್ ಹಿಡಿಯೋಕೆ ಎಡಗೈಯವನು ಒಬ್ಬ ಬೇಕಂತೆ. ಅದಕ್ಕೇ ನಿನ್ನ ಕೊಂಡಿರೋದು. ಇವತ್ತು ಆಟ ಮುಗಿದ ಮೇಲೆ ನಾನು ಫೋನ್ ಮಾಡಿ ಹೂಂ ಅಂದ್ರೆ ಹೂಂ, ಉಹೂಂ ಅಂದ್ರೆ ಉಹೂಂ."

"ಹೂಂ ಅನ್ನೋ ಹಾಗೆ ಆಡ್ತೀನಿ, ಬಾಸ್."

"ಆಟ ಯಾರಿಗೆ ಬೇಕು ಮಾರಾಯ? ಈ ಬೆಂಚ್ ನೋಡು. ನೀನು ಸತ್ರೆ ಹೂವು ತರೋಕೂ ಒಬ್ಬನಿಲ್ಲ. ನಮ್ಮ ಹುಡುಗನ ಕಾಲು ಕೊಯ್ದವನನ್ನ ಮೇಲೆ ಕಳಿಸಿದ್ರೆ ನಾಳೆ ಇವರು ನನ್ನ ಮಾತು ಕೇಳ್ತಾರಾ? ನೀನು ನಮ್ಮವನು ಅಂತ ತೋರಿಸು." ಕಿಟ್ರಿಜ್ ಕಂದು ಉಗುಳನ್ನು ಪಿಚಕ್ಕನೆ ಲಾನಿಯ ಬೂಟಿನ ಪಕ್ಕಕ್ಕೆ ಉಗುಳಿದ. "ಈಗ ಮಿಲ್ಲರ್ಸ್ ಕಡೆಯಿಂದ ಎಸೆಯೋನು ಪ್ರಾಥರ್. ನಿನಗೆ ಬೀಳ್ಕೊಡುಗೆ ಕೊಟ್ಟೇ ಕೊಡ್ತಾನೆ. ಆಮೇಲೆ ಏನು ಮಾಡಬೇಕು ಅಂತ ಗೊತ್ತಲ್ಲ?"

ಗೊತ್ತಿಲ್ಲದೆ ಏನು. ಅಂಗಿ ಬದಲಿಸಿದವನು ಹಳೆಯ ತಂಡದೆದುರು ಮೊದಲ ಸಲ ಬ್ಯಾಟು ಹಿಡಿದಾಗ ಪಕ್ಕೆಗೋ ಕುಂಡೆಗೋ ಒಂದು ಚೆಂಡು ತಿನ್ನಬೇಕು. ಅದಕ್ಕೆ ಬೀಳ್ಕೊಡುಗೆ ಎಂದು ಹೆಸರು. ತಿಂದವನು ಬ್ಯಾಟು ಕೆಳಗೆ ಬಿಸಾಡಿ, ಪಿಚರ್ ನಿಂತ ದಿಬ್ಬದ ಮೇಲೆ ನುಗ್ಗಬೇಕು. ಆಗ ಹೊಸ ತಂಡ ಬೆಂಚು ಬಿಟ್ಟು ಅವನ ಹಿಂದೆ ಓಡಿ ಬರುತ್ತದೆ. ಬ್ಯಾಟು ಹಿಡಿದು ನುಗ್ಗಿದವನ ಮುಖವನ್ನು ಯಾರೂ ನೋಡುವುದಿಲ್ಲ. ಏಟು ತಿಂದೂ ನುಗ್ಗದೆ ಇದ್ದವನ ಮುಖವನ್ನಂತೂ ನೋಡುವುದೇ ಇಲ್ಲ. ಹೊಡೆಯದೆ ಬಿಟ್ಟರೆ ನುಗ್ಗುವ ಹಾಗಿಲ್ಲ, ಅದೂ ನಿಯಮವೇ.

"ನಾಲ್ಕು ವರ್ಷ ಒಂದೇ ರೂಮಲ್ಲಿ ಇದ್ರಿ ನೀನೂ ಪ್ರಾಥರೂ," ಎಂದ ಕಿಟ್ರಿಜ್. "ಜೂನ್‌ನಿಂದ ಅವನು ಎಸೆಯೋದು ಬೇರೆ ಥರ ಆಗಿದೆ. ಎಲ್ಲಿ ನೋವು ಅವನಿಗೆ? ಮೊಣಕೈಯಾ?"

ಡ್ಯೂಯಿ ಪ್ರಾಥರ್ ಎದುರಿಗೆ ದಿಬ್ಬದ ಮೇಲೆ ಕೈ ಬಿಸಿ ಮಾಡಿಕೊಳ್ಳುತ್ತಿದ್ದ. ಉದ್ದ ಕಾಲಿನ, ಸೊರಗಿದ ಕೆನ್ನೆಯ ಟೆನೆಸ್ಸಿಯವನು. ಲಾನಿಯಷ್ಟೇ ವಯಸ್ಸು, ಅವನಷ್ಟೇ ಊರು ತಿರುಗಿದವನು. ಜೂನಿನಲ್ಲಿ ಅವನ ಬಲಭುಜ ಕೀಲು ತಪ್ಪಿತ್ತು. ತಂಡಕ್ಕೆ ತಿಳಿದರೆ ಅದೇ ದಿನ ಮನೆಗೆ ಅಟ್ಟುತ್ತಾರೆಂದು ಹೋಟೆಲಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು, ಬಾಯಲ್ಲಿ ಟವಲು ಕಚ್ಚಿ, ನೆಲದ ಮೇಲೆ ಮಲಗಿದ್ದ. ಕಂಕುಳಿಗೆ ಕಾಲು ಕೊಟ್ಟು ಕೈ ಎಳೆದು ಕೂರಿಸಿದವನು ಲಾನಿ. ಆಮೇಲೂ ಹಲವು ಸಲ ಕೂರಿಸಿದ್ದ. ಈ ಸಂಗತಿ ತಿಳಿದವರು ಜಗತ್ತಿನಲ್ಲಿ ಅವರಿಬ್ಬರೇ.

"ಭುಜ," ಎಂದ ಲಾನಿ.

ಒಂದೇ ಮಾತು. ಬಾಯಿಂದ ಬಿದ್ದಿದ್ದೇ ತಡ, ಅವನಿಗೆ ತನ್ನ ಬಗ್ಗೆಯೇ ಹೇಸಿಗೆಯಾಯಿತು. ನಾಲಿಗೆ ಕಚ್ಚಿಕೊಂಡ. ಕಿಟ್ರಿಜ್ ಅವನ ಬೆನ್ನು ತಟ್ಟಿದ. ಒಂದೇ ದಿನದಲ್ಲಿ ಇಬ್ಬರು ಮ್ಯಾನೇಜರುಗಳು ಅದೇ ಬೆನ್ನು ತಟ್ಟಿದ್ದರು.

"ಹಾಗಾದ್ರೆ ಎಲ್ಲಿ ಕೈ ಹಾಕಬೇಕು ಅಂತ ನಾನು ಹೇಳಿಕೊಡಬೇಕಾಗಿಲ್ಲ," ಎಂದು ಕಿಟ್ರಿಜ್ ತನ್ನ ಜಾಗಕ್ಕೆ ಹೋದ.

ಎರಡನೇ ಇನ್ನಿಂಗ್ಸ್‌ನಲ್ಲಿ ಲಾನಿಯ ಸರದಿ ಬಂತು. ಆಗಸ್ಟಿನ ಬಿಸಿಲು ಮಣ್ಣನ್ನು ಹುರಿಯುತ್ತಿತ್ತು. ಬೆಳಿಗ್ಗೆ ಸ್ಟ್ರೌಡನ ರಕ್ತ ನೋಡಿ ಎದ್ದು ನಿಂತು ಚಪ್ಪಾಳೆ ಹೊಡೆದಿದ್ದ ಊರಿನವರೇ ಈಗ ಬಿಯರಿನ ಲೋಟ ಎಸೆದರು. ಮೊದಲ ಸಾಲಿನಲ್ಲಿ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡಿದ್ದ ಹೆಂಗಸೊಬ್ಬಳು, "ಡ್ಯೂಯಿ, ಅವನ ತಲೆ ಒಡಿ!" ಎಂದು ಕಿರುಚಿದಳು. ಹೋದ ವಾರ ಅದೇ ಹೆಂಗಸು ಲಾನಿಗೆ ಪೀಚ್ ಹಣ್ಣಿನ ಪೈ ತಂದುಕೊಟ್ಟಿದ್ದಳು.

ಲಾನಿ ಎಡಗೈ ಬ್ಯಾಟ್ಸ್‌ಮನ್. ಅವನ ಬಲಗೈ ಪಿಚರನ ಕಡೆಗಿತ್ತು. ಡ್ಯೂಯಿ ಅವನನ್ನು ನೋಡಿದ, ನಗಲಿಲ್ಲ, ಕಾಲೆತ್ತಿ ಎಸೆದ. ಚೆಂಡು ಲಾನಿಯ ಹೊಟ್ಟೆಯ ಮುಂದೆ ಅಂಗಿಯನ್ನು ಅಲುಗಿಸಿಕೊಂಡು ಹೋಯಿತು. ಲಾನಿ ಅಭ್ಯಾಸಬಲದಿಂದ ಹಿಂದಕ್ಕೆ ಹಾರಿದ. ಎರಡನೆಯದೂ ಹಾಗೆಯೇ, ಬೆಲ್ಟಿನ ಮುಂದೆ. ಮೂರನೆಯದೂ. ನೋಡಿದವರಿಗೆ ಡ್ಯೂಯಿ ಹೊಡೆಯಲು ಹೋಗಿ ಗುರಿ ತಪ್ಪುತ್ತಿದ್ದಾನೆ ಎನಿಸಬೇಕು. ಲಾನಿಗೆ ಮಾತ್ರ ಗೊತ್ತಾಯಿತು. ಬೇಕೆಂದರೆ ನೊಣದ ರೆಕ್ಕೆಗೂ ಹೊಡೆಯಬಲ್ಲ ಮನುಷ್ಯ ಬೇಕೆಂದೇ ತಪ್ಪಿಸುತ್ತಿದ್ದ.

"ಏಯ್ ಪ್ರಾಥರ್!" ಮಿಲ್ಲರ್ಸ್ ಬೆಂಚಿನಿಂದ ಫೆರಿಸ್ ಅರಚಿದ. "ಕಣ್ಣಲ್ಲಿ ಹೂವು ಬಿದ್ದಿದೆಯೇನೋ? ನಿನ್ನ ಹೆಂಡ್ತಿನಾ ಅವನು? ಹಾಕೋ ಅವನ ಮೈಗೆ!"

ನಾಲ್ಕು ಚೆಂಡು ಹೀಗೆ ಆಚೆಗೆ ಹೋದರೆ ಬ್ಯಾಟು ಹಿಡಿದವನು ಸುಮ್ಮನೆ ನಡೆದುಕೊಂಡು ಮೊದಲ ಬೇಸ್‌ಗೆ ಹೋಗಬಹುದು. ಏಟಿಲ್ಲ, ಜಗಳವಿಲ್ಲ. ಡ್ಯೂಯಿ ಕೊಡುತ್ತಿದ್ದದ್ದು ಅದನ್ನೇ. ಲಾನಿ ತನ್ನ ತಂಡದ ಬೆಂಚಿನ ಕಡೆ ಕಣ್ಣು ಹಾಯಿಸಿದ. ಸ್ಟ್ರೌಡ್ ಕೈಕಟ್ಟಿ ಕುಳಿತು ಹಲ್ಲುಕಿರಿಯುತ್ತಿದ್ದ. ಕಿಟ್ರಿಜ್ ಮುಖ ಬೇರೆ ಕಡೆ ತಿರುಗಿಸಿದ್ದ. ಹೊಡೆಯದೆ ಬಿಟ್ಟರೆ ನುಗ್ಗುವ ಹಾಗಿಲ್ಲ. ನುಗ್ಗದಿದ್ದರೆ ಸೆಪ್ಟೆಂಬರ್ ಇಲ್ಲ, ಮುಂದಿನ ವರ್ಷವಂತೂ ಇಲ್ಲವೇ ಇಲ್ಲ. ಸೊನ್ನೆ ಹಾಗೇ ಉಳಿದು, ಒಂದು ದಿನ ಅವನ ಜೊತೆಗೇ ಮಣ್ಣಿಗೆ ಹೋಗುತ್ತದೆ.

ನಾಲ್ಕನೆಯ ಚೆಂಡು ಬಂತು. ಲಾನಿ ಹಿಂದಕ್ಕೆ ಹಾರಲಿಲ್ಲ. ಬಲಗೈಯನ್ನು ಮುಂದಕ್ಕೆ ತಳ್ಳಿ ಚೆಂಡಿಗೆ ಕೊಟ್ಟ.

ಮಣಿಕಟ್ಟಿನಲ್ಲಿ ಲಟ್ ಎಂದು ಸದ್ದಾಯಿತು. ಬೆಂಕಿಯೊಂದು ಮೊಣಕೈವರೆಗೂ ಓಡಿತು. "ನೀನೇ ಕೈ ಕೊಟ್ಟೆ! ಸುಮ್ನೆ ಮೊದಲ ಬೇಸ್‌ಗೆ ನಡಿ!" ಎಂದು ಹಿಂದಿನಿಂದ ಅಂಪೈರ್ ಕೂಗಿದ. ಕೇಳಿಸಿಕೊಳ್ಳುವವರು ಯಾರು? ಲಾನಿ ಬ್ಯಾಟು ಬಿಸಾಡಿದ, ಹೆಲ್ಮೆಟ್ ಕಿತ್ತೆಸೆದ, ಓಡಿದ.

ಡ್ಯೂಯಿ ದಿಬ್ಬದ ಮೇಲೆ ಕೈ ಇಳಿಬಿಟ್ಟು ಬಾಯಿ ತೆರೆದುಕೊಂಡು ನಿಂತಿದ್ದ. ಗೆಳೆಯನ ಕೈಗೆ ಪೆಟ್ಟಾಯಿತಲ್ಲ ಎಂದು ಗಾಬರಿಯಾದವನ ಮುಖ ಅದು. "ಲಾನಿ, ಕೈಗೇನಾದ್ರೂ—" ಎನ್ನುವಷ್ಟರಲ್ಲಿ ಲಾನಿಯ ಎಡಮುಷ್ಟಿ ಅವನ ಬಾಯಿಗೆ ಬಿತ್ತು. ತುಟಿ ಹರಿದು ರಕ್ತ ಚಿಮ್ಮಿತು. ಡ್ಯೂಯಿ ಹೊಡೆಯಲಿಲ್ಲ, ಇಂಥ ಹೊತ್ತಿನಲ್ಲಿ ಹಳೆಯ ಆಟಗಾರರು ಮಾಡುವ ಹಾಗೆ ತಬ್ಬಿಕೊಂಡು ಬೀಳಲು ಕೈ ಚಾಚಿದ. ಆ ಚಾಚಿದ ಕೈಯನ್ನೇ ಲಾನಿ ಹಿಡಿದ. ಬೆನ್ನ ಹಿಂದಕ್ಕೆ ತಿರುಚಿ ಮೇಲಕ್ಕೆತ್ತಿದ, ಅವನನ್ನು ಬೋರಲು ಕೆಡವಿದ, ತನ್ನ ಪೂರ್ತಿ ಭಾರ ಆ ಭುಜದ ಮೇಲೆ ಬಿಟ್ಟು ಬಿದ್ದ. ಎಷ್ಟೋ ಸಲ ತನ್ನ ಕೈಯಾರೆ ಕೂರಿಸಿದ್ದ ಕೀಲು ಜಾರಿದ್ದು ಲಾನಿಯ ಎದೆಗೆ ತಿಳಿಯಿತು. ಅದರ ಒಳಗೆ ಇನ್ನೇನೋ ಹರಿದದ್ದೂ ತಿಳಿಯಿತು. ಡ್ಯೂಯಿ ಹಂದಿ ಕೊಯ್ದ ಹಾಗೆ ಕಿರುಚಿದ. ಮಣ್ಣು ಅವನ ಬಾಯಿಗೆ ಹೋಯಿತು.

ಅಷ್ಟರಲ್ಲಿ ಎರಡೂ ಬೆಂಚು ಬಂದು ಮೇಲೆ ಬಿದ್ದವು. ಯಾರದೋ ಬೂಟು ಲಾನಿಯ ಪಕ್ಕೆಗೆ ಬಿತ್ತು, ಯಾರದೋ ಬೆರಳು ಕಣ್ಣಿಗೆ ಬಂತು. ಮಿಲ್ಲರ್ಸ್‌ನ ದಪ್ಪ ಕ್ಯಾಚರ್, ಬೆಳಿಗ್ಗೆ ಲಾನಿಯ ಜೊತೆ ಒಂದೇ ಸಿಗರೇಟು ಹಂಚಿಕೊಂಡವನು, ಅವನ ಕೂದಲು ಹಿಡಿದು ತಲೆಯನ್ನು ನೆಲಕ್ಕೆ ಕುಟ್ಟಿದ. "ನಾಯಿ, ಡ್ಯೂಯಿನ ಹೊಡೀತೀಯಾ? ಡ್ಯೂಯಿನ?" ಎಂದು ಅಳುತ್ತ ಕುಟ್ಟಿದ. ಲಾನಿಯ ಹಲ್ಲೊಂದು ಸಡಿಲವಾಯಿತು. ಇನ್ನೇನು ಕಣ್ಣು ಕತ್ತಲೆಗಟ್ಟಬೇಕು, ಆಗ ಕ್ಯಾಚರನ ಕತ್ತಿಗೆ ಹಿಂದಿನಿಂದ ತೋಳೊಂದು ಸುತ್ತಿ ಅವನನ್ನು ಎತ್ತಿ ಒಗೆಯಿತು. ಸ್ಟ್ರೌಡ್. ಕಾಲಿನ ಹೊಲಿಗೆ ಬಿಚ್ಚಿ ರಕ್ತ ಬೂಟಿನವರೆಗೆ ಹರಿಯುತ್ತಿದ್ದರೂ ಕುಂಟಿಕೊಂಡೇ ಬಂದಿದ್ದ. "ಬಿಡ್ರೋ ನಮ್ಮ ಅಜ್ಜನ್ನ!" ಎಂದು ಬೊಬ್ಬೆ ಹಾಕುತ್ತ ಕ್ಯಾಚರನ ಮುಖಕ್ಕೆ ಮೊಣಕಾಲು ಕೊಟ್ಟ. ಮೂಗು ಮುರಿದ ಸದ್ದು ಸ್ಪಷ್ಟವಾಗಿ ಕೇಳಿಸಿತು. ಆಮೇಲೆ ಸ್ಟ್ರೌಡ್ ಲಾನಿಯ ಮೇಲೆ ಅಡ್ಡ ಮಲಗಿ, ಬರುವ ಒದೆತಗಳನ್ನು ತನ್ನ ಬೆನ್ನಿಗೆ ತಿಂದ. ಇಷ್ಟು ಹೊತ್ತು ತಡೆದಿಟ್ಟಿದ್ದ ಪ್ರೀತಿಯನ್ನೆಲ್ಲ ಒಟ್ಟಿಗೇ ಕೊಟ್ಟ ಹಾಗೆ.

ಪೊಲೀಸರು ಬಂದು ಬಿಡಿಸಿದರು. ಅಂಪೈರ್ ಲಾನಿಯನ್ನೂ ಡ್ಯೂಯಿಯನ್ನೂ ಮೈದಾನದಿಂದ ಹೊರಗೆ ಹಾಕಿದ. ಹಳೆಯ ಮೈದಾನ, ಗಾಯಗೊಂಡವರಿಗೆ ಇದ್ದದ್ದು ಮೆಟ್ಟಿಲುಗಳ ಅಡಿಯ ಒಂದೇ ಕೋಣೆ. ಒಂದು ಮೇಜು, ಒಂದು ಸ್ಟೂಲು. ಡಾಕ್ಟರು ಹೊರಗೆ ಕ್ಯಾಚರನ ಮೂಗು ನೋಡುತ್ತಿದ್ದರು. ಡ್ಯೂಯಿ ಮೇಜಿನ ಮೇಲೆ ಮಲಗಿದ್ದ. ಅವನ ಬಲಗೈ ತನ್ನದಲ್ಲವೆಂಬಂತೆ ಕೆಳಗೆ ಜೋತುಬಿದ್ದಿತ್ತು. ಲಾನಿ ಸ್ಟೂಲಿನ ಮೇಲೆ ಕುಳಿತು ತನ್ನ ಮಣಿಕಟ್ಟನ್ನು ಟವಲಿನಲ್ಲಿ ಮುಚ್ಚಿಕೊಂಡ. ಅದು ಬ್ರೆಡ್ಡಿನ ಹಾಗೆ ಉಬ್ಬುತ್ತಿತ್ತು. ಬೆರಳು ಮಡಿಸಲು ನೋಡಿದ, ಮಡಿಸಲಾಗಲಿಲ್ಲ. ಒಂದೆರಡು ವಾರ ಸುತ್ತಿಕೊಂಡರೆ ಸರಿಯಾಗುತ್ತದೆ, ಯಾರಿಗೂ ತಿಳಿಯಬಾರದು ಎಂದು ತನಗೇ ಹೇಳಿಕೊಂಡ.

ಹೊರಗೆ ಆಟ ಮುಂದುವರಿದಿತ್ತು, ಮೇಲಿನ ಮೆಟ್ಟಿಲುಗಳಿಂದ ಜನರ ಕೂಗು ಕೇಳಿಸುತ್ತಿತ್ತು. ಕೊನೆಗೆ ಡ್ಯೂಯಿಯೇ ಬಾಯಿಬಿಟ್ಟ. ಹರಿದ ತುಟಿಯಿಂದ ಮಾತು ತೊದಲುತ್ತಿತ್ತು.

"ಬೇಕಂತಲೇ ತಪ್ಪಿಸ್ತಿದ್ದೆ ಕಣೋ."

"ಗೊತ್ತು."

"ಗೊತ್ತಿದ್ದೂ ಕೈ ಕೊಟ್ಟೆ."

"ನೀನು ಹೊಡೀದೆ ನಾನು ಓಡಿ ಬರೋ ಹಾಗಿರಲಿಲ್ಲ. ಓಡಿ ಬರದೆ ಇದ್ರೆ ಇವರು ಮೇಲೆ ಕಳಿಸ್ತಿರಲಿಲ್ಲ."

ಡ್ಯೂಯಿ ಸೂರನ್ನು ನೋಡುತ್ತಿದ್ದ. ಕಣ್ಣಿನಿಂದ ನೀರು ಕಿವಿಗೆ ಇಳಿಯುತ್ತಿತ್ತು; ನೋವಿಗೋ ಬೇರೆ ಯಾವುದಕ್ಕೋ.

"ಕೇಳಿದ್ರೆ ಕೊಡ್ತಿದ್ನಲ್ಲೋ," ಎಂದ. "ಒಂದು ಕಣ್ಸನ್ನೆ ಮಾಡಿದ್ರೆ ಸಾಕಿತ್ತು. ಕುಂಡೆ ಮೇಲೆ ಮೆತ್ತಗೆ ಒಂದು ಹಾಕ್ತಿದ್ದೆ. ನೀನು ಓಡಿ ಬರ್ತಿದ್ದೆ, ತಬ್ಕೊಂಡು ಬೀಳ್ತಿದ್ವಿ, ನನ್ನ ಮೂಗಿಗೆ ಎರಡು ಕೊಡ್ತಿದ್ದೆ. ನಿನ್ನ ಸೆಪ್ಟೆಂಬರ್ ನಿಂಗೆ ಸಿಕ್ತಿತ್ತು, ನನ್ನ ಭುಜ ನಂಗೆ ಉಳೀತಿತ್ತು. ಯಾಕೋ ಕೇಳಲಿಲ್ಲ?"

ಕೇಳಬಹುದಾಗಿತ್ತು ಎಂಬುದು ಲಾನಿಗೆ ಹೊಳೆದೇ ಇರಲಿಲ್ಲ. ಊರಿಂದ ಊರಿಗೆ ಮಾರಿಸಿಕೊಂಡು ಬಂದ ಇಷ್ಟು ವರ್ಷಗಳಲ್ಲಿ ಅವನು ಯಾರನ್ನೂ ಏನನ್ನೂ ಕೇಳಿದವನಲ್ಲ. ಯಾರಾದರೂ ಮುಖ ನೋಡಿದರೆ ಕಾಲೆತ್ತಿದ್ದ, ಬೆನ್ನು ತಟ್ಟಿದರೆ ಬಾಯಿಬಿಟ್ಟಿದ್ದ.

"ಎಲ್ಲಿ ನೋವು ಅಂತ ಕಿಟ್ರಿಜ್ ಕೇಳೇ ಇರ್ತಾನೆ. ಭುಜ ಅಂತ ನೀನೇ ಹೇಳಿದ್ಯಾ?" ಎಂದು ಕೇಳಿದ ಡ್ಯೂಯಿ.

ಲಾನಿ ತಲೆ ತಗ್ಗಿಸಿದ. ಟವಲು ಜಾರಿತು. ಡ್ಯೂಯಿ ಆ ಮಣಿಕಟ್ಟನ್ನು ನೋಡಿದ. ಎಲುಬು ಚರ್ಮದಡಿಯಲ್ಲಿ ಒಂದು ಕಡೆ ಎದ್ದು ನಿಂತಿತ್ತು. ಇಬ್ಬರ ಕಣ್ಣೂ ಕೂಡಿದವು. ಲಾನಿ ಟವಲನ್ನು ಮತ್ತೆ ಎಳೆದುಕೊಂಡ. ಹೇಳಬೇಡ ಎಂದು ಬಾಯಿಬಿಟ್ಟು ಕೇಳಲಿಲ್ಲ. ಈಗಲೂ ಕೇಳಲಿಲ್ಲ.

ಬಾಗಿಲು ದಡಾರನೆ ತೆರೆಯಿತು. ಆಟ ಮುಗಿದಿತ್ತು, ಡ್ರೋವರ್ಸ್ ಗೆದ್ದಿತ್ತು. ಕಿಟ್ರಿಜ್ ಒಳಗೆ ಬಂದ, ಅವನ ಹಿಂದೆ ಬಾಗಿಲಲ್ಲಿ ಸ್ಟ್ರೌಡ್ ಕೈಯಲ್ಲಿ ಎರಡು ಬಿಯರ್ ಹಿಡಿದು ನಿಂತ.

"ಅಜ್ಜ! ಏನು ಕೆಡವಿದ್ಯೋ ಅವನನ್ನ!" ಎಂದ ಸ್ಟ್ರೌಡ್. "ನನ್ನ ಕಾಲಿನ ಲೆಕ್ಕ ಚುಕ್ತಾ. ಬಸ್ಸಲ್ಲಿ ನನ್ನ ಪಕ್ಕ ಕೂರು."

"ಫೋನ್ ಮಾಡಿದೆ," ಎಂದ ಕಿಟ್ರಿಜ್. ಮುಖ ಅರಳಿತ್ತು. "ಹೂಂ ಅಂದ್ರು. ಹೋಗ್ತೀಯ ಮಗನೇ, ಮೇಲೆ ಹೋಗ್ತೀಯ. ಕೊಡು ಇಲ್ಲಿ ಕೈ."

ಲಾನಿ ಎದ್ದು ಎಡಗೈ ಚಾಚಿದ. ಕಿಟ್ರಿಜ್ ನಕ್ಕ. ಮೇಜಿನ ಮೇಲಿನಿಂದ ಡ್ಯೂಯಿಯ ಮಾತು ತಣ್ಣಗೆ ಬಂತು.

"ಬಲಗೈ ಕೊಡೋ ಲಾನಿ. ಅಷ್ಟು ದೊಡ್ಡ ಸುದ್ದಿ ತಂದಿದಾರೆ. ನೀವೂ ಗಟ್ಟಿಯಾಗಿ ಹಿಡೀರಿ ಕಿಟ್ರಿಜ್, ಅವನ ಹಿಡಿತ ಹೇಗಿದೆ ಅಂತ ಗೊತ್ತಾಗತ್ತೆ."

ಕಿಟ್ರಿಜ್‌ನ ದಪ್ಪ ಬಲಗೈ ಮುಂದೆ ಚಾಚಿಯೇ ಇತ್ತು. ಲಾನಿಗೆ ಹೇಳಲು ಒಂದು ಸುಳ್ಳೂ ಹೊಳೆಯಲಿಲ್ಲ. ಟವಲು ಬಿಟ್ಟು ಬಲಗೈ ಕೊಟ್ಟ. ಕಿಟ್ರಿಜ್ ಗಂಡಸರು ಗಂಡಸರ ಕೈ ಹಿಡಿಯುವ ಹಾಗೆ ಹಿಡಿದು, ಅದುಮಿ, ಮೇಲೆ ಕೆಳಗೆ ಕುಲುಕಿದ. ಲಾನಿ ನಗುತ್ತಲೇ ಇದ್ದ. ಮುಖದ ಬೆವರು ಗಲ್ಲದಿಂದ ತೊಟ್ಟಿಕ್ಕಿತು. ಕಿಟ್ರಿಜ್ ಇನ್ನೊಂದು ಸಲ ಕುಲುಕಿದ. ಆಗ ಒಳಗಿನ ಎಲುಬು ಎಲುಬಿಗೆ ಉಜ್ಜಿತು. ಲಾನಿಯ ಗಂಟಲಿನಿಂದ ಹೊರಟ ಕೂಗು ದಿಬ್ಬದ ಮೇಲೆ ಡ್ಯೂಯಿ ಕೂಗಿದ್ದಕ್ಕಿಂತ ಜೋರಾಗಿತ್ತು. ಅವನು ಮಂಡಿಯೂರಿ ಕುಸಿದ.

ಕಿಟ್ರಿಜ್ ಕೈ ಬಿಟ್ಟ. ಸೊಟ್ಟಗಾಗಿ ನೇತಾಡುತ್ತಿದ್ದ ಆ ಮಣಿಕಟ್ಟನ್ನು ಸ್ವಲ್ಪ ಹೊತ್ತು ನೋಡಿದ. ಬೈಯಲೂ ಇಲ್ಲ.

"ಸ್ಟ್ರೌಡ್," ಎಂದ ಬಾಗಿಲ ಕಡೆ ತಿರುಗಿ, "ಕಚೇರಿ ಬೀಗ ಹಾಕೋಕೆ ಮುಂಚೆ ಹೋಗು, ಫೋನ್ ಇನ್ನೊಂದು ಸಲ ಬೇಕು ಅಂತ ಹೇಳು."

ಸ್ಟ್ರೌಡ್ ಒಂದು ಬಿಯರನ್ನು ಲಾನಿಯ ಪಕ್ಕದಲ್ಲಿ ನೆಲದ ಮೇಲಿಟ್ಟು ಕುಂಟುತ್ತ ಹೋದ. ಕಿಟ್ರಿಜ್ ಅವನ ಹಿಂದೆ ಹೋದ. ಲಾನಿ ಕೈಯನ್ನು ಎದೆಗವಚಿಕೊಂಡು ನೆಲದ ಮೇಲೆಯೇ ಉಳಿದ. ಮೇಜಿನ ಮೇಲೆ ಡ್ಯೂಯಿ ಗೋಡೆಯ ಕಡೆ ಮುಖ ತಿರುಗಿಸಿಕೊಂಡು, ಸದ್ದು ಮಾಡದೆ, ಚಿಕ್ಕ ಹುಡುಗನ ಹಾಗೆ ಬಿಕ್ಕುತ್ತಿದ್ದ.